ಜನರಲ್ ಕೆ. ಎಸ್. ತಿಮ್ಮಯ್ಯನವರ ಶಾಂತಿಪಾಲನಾ ಸೇವೆ

ಜನರಲ್ ಕೊಡಂದೇರ ಸುಬ್ಬಯ್ಯ ತಿಮ್ಮಯ್ಯ (1906–1965) ಕೊಡಗಿನ ಮಡಿಕೇರಿಯಲ್ಲಿ ಜನಿಸಿದ ಭಾರತೀಯ ಸೇನಾನಿ. 1957ರಿಂದ 1961ರವರೆಗೆ ಭಾರತದ ಭೂಸೇನೆಯ ಮುಖ್ಯಸ್ಥರಾಗಿದ್ದರು. ಕಾಶ್ಮೀರದ ಜೋಜಿ ಲಾ ಕಣಿವೆಯ ಕಾರ್ಯಾಚರಣೆಯಿಂದ ಅವರ ಹೆಸರು ಭಾರತದಲ್ಲಿ ಮನೆಮಾತಾಯಿತು. ಹೊರದೇಶಗಳಲ್ಲಿ ಅವರನ್ನು ನೆನೆಯುವುದು ಬೇರೆ ಎರಡು ಕೆಲಸಗಳಿಗಾಗಿ. 1953–54ರಲ್ಲಿ ಕೊರಿಯಾದಲ್ಲಿ ತಟಸ್ಥ ರಾಷ್ಟ್ರಗಳ ಯುದ್ಧಕೈದಿ ವಾಪಸಾತಿ ಆಯೋಗದ ಅಧ್ಯಕ್ಷರಾಗಿ, 1964–65ರಲ್ಲಿ ಸೈಪ್ರಸ್ ದ್ವೀಪದಲ್ಲಿ ವಿಶ್ವಸಂಸ್ಥೆಯ ಶಾಂತಿಪಾಲನಾ ಪಡೆಯ ದಂಡನಾಯಕರಾಗಿ ಅವರು ಕಾರ್ಯನಿರ್ವಹಿಸಿದರು. ಸೈಪ್ರಸ್‌ನಲ್ಲಿ ಕರ್ತವ್ಯದಲ್ಲಿದ್ದಾಗಲೇ 1965ರ ಡಿಸೆಂಬರ್ 18ರಂದು ನಿಧನರಾದರು. ಈ ಲೇಖನವು ಮುಖ್ಯವಾಗಿ ಆ ಎರಡು ಹೊಣೆಗಳನ್ನು ಕುರಿತದ್ದು.

ಹೆಸರು ಮತ್ತು ಹಿನ್ನೆಲೆ

ಕೊಡಂದೇರ ಎಂಬುದು ಅವರ ಒಕ್ಕದ, ಅಂದರೆ ಕೊಡವ ಮನೆತನದ, ಹೆಸರು. ಮನೆಯವರು ಅವರನ್ನು 'ದುಬ್ಬು' ಎಂದು ಕರೆಯುತ್ತಿದ್ದರು. ಸೇನೆಯ ಜೊತೆಗಾರರಿಗೆ ಅವರು 'ಟಿಮ್ಮಿ'. ಕನ್ನಡ ಬರಹಗಳಲ್ಲಿ ತಿಮ್ಮಯ್ಯ, ತಿಮಯ್ಯ ಎಂಬ ಎರಡು ರೂಪಗಳೂ ಕಾಣಸಿಗುತ್ತವೆ.

ಕೂನೂರು ಮತ್ತು ಬೆಂಗಳೂರಿನಲ್ಲಿ ಶಾಲಾ ವ್ಯಾಸಂಗ ಮಾಡಿ, ಡೆಹ್ರಾಡೂನಿನ ಸೈನಿಕ ಕಾಲೇಜನ್ನು ಸೇರಿದ ತಿಮ್ಮಯ್ಯನವರು ಅಲ್ಲಿಂದ ಇಂಗ್ಲೆಂಡಿನ ಸ್ಯಾಂಡ್‌ಹರ್ಸ್ಟ್ ಅಕಾಡೆಮಿಗೆ ಆಯ್ಕೆಯಾದರು. 1926ರಲ್ಲಿ ಅಧಿಕಾರಿಯಾಗಿ ನೇಮಕಗೊಂಡು, ಕೆಲಕಾಲದ ನಂತರ 19ನೆಯ ಹೈದರಾಬಾದ್ ರೆಜಿಮೆಂಟಿನ 4ನೆಯ ಪಲ್ಟನ್ನಿಗೆ ಸೇರ್ಪಡೆಯಾದರು. ಈ ರೆಜಿಮೆಂಟಿನ ಮೂಲ ನಿಜಾಮರ ರಾಜ್ಯದ 'ಹೈದರಾಬಾದ್ ಕಂಟಿಂಜೆಂಟ್' ಎಂಬ ಪಡೆಯಲ್ಲಿದೆ. ಇಂದಿನ ಬೀದರ್, ಕಲಬುರಗಿ, ರಾಯಚೂರು ಸೀಮೆಗಳು ಅಂದು ಅದೇ ರಾಜ್ಯಕ್ಕೆ ಸೇರಿದ್ದವು. ಆದರೆ ತಿಮ್ಮಯ್ಯನವರ ಕಾಲಕ್ಕೆ ಅದರಲ್ಲಿ ಕುಮಾವೂಂ ಪ್ರದೇಶದವರು, ಜಾಟರು ಮತ್ತು ಅಹೀರರೇ ಹೆಚ್ಚಾಗಿದ್ದರು. 1945ರಲ್ಲಿ ಅದರ ಹೆಸರೇ ಕುಮಾವೂಂ ರೆಜಿಮೆಂಟ್ ಎಂದು ಬದಲಾಯಿತು.

ದ್ವಿತೀಯ ಮಹಾಯುದ್ಧದಲ್ಲಿ ಬರ್ಮಾದ ಅರಕಾನ್ ರಣರಂಗದಲ್ಲಿ ಪಲ್ಟನ್ನೊಂದನ್ನೂ ಅನಂತರ 36ನೆಯ ಬ್ರಿಗೇಡನ್ನೂ ನಡೆಸಿದರು. ಯುದ್ಧಭೂಮಿಯಲ್ಲಿ ಪದಾತಿ ಬ್ರಿಗೇಡಿನ ನಾಯಕತ್ವ ವಹಿಸಿದ ಮೊದಲ ಭಾರತೀಯರೆಂಬ ಗೌರವ ಅವರದು. ಡಿ.ಎಸ್.ಒ. ಪದಕವೂ ಬಂದಿತು. ಯುದ್ಧಾನಂತರ ಸೋತ ಜಪಾನಿನಲ್ಲಿ ನೆಲೆಸಿದ್ದ ಕಾಮನ್ವೆಲ್ತ್ ಪಡೆಯ ಭಾಗವಾಗಿ ಭಾರತೀಯ ಬ್ರಿಗೇಡಿನೊಂದಿಗೆ ಅಲ್ಲಿದ್ದರು. 1947ರ ವಿಭಜನೆಯ ದಿನಗಳಲ್ಲಿ ಪಂಜಾಬಿನಲ್ಲಿ, 1948ರಲ್ಲಿ ಕಾಶ್ಮೀರದಲ್ಲಿ ಕೆಲಸ ಮಾಡಿದರು. ಹನ್ನೊಂದು ಸಾವಿರ ಅಡಿಗೂ ಮೀರಿದ ಎತ್ತರದಲ್ಲಿರುವ ಜೋಜಿ ಲಾಕ್ಕೆ 1948ರ ನವೆಂಬರ್ 1ರಂದು ಟ್ಯಾಂಕುಗಳನ್ನು ಏರಿಸಿ ಲಡಾಖಿನ ದಾರಿಯನ್ನು ತೆರೆದದ್ದು ಆ ಕಾಲದ ಮಾತು.

ಕೊರಿಯಾ: ಕೈದಿಗಳ ಪ್ರಶ್ನೆ

1950ರ ಜೂನಿನಲ್ಲಿ ಆರಂಭವಾದ ಕೊರಿಯಾ ಯುದ್ಧವು 1951ರ ಮಧ್ಯದ ವೇಳೆಗೆ ಯಾರೂ ಗೆಲ್ಲದ ಸ್ಥಿತಿಗೆ ಬಂದಿತ್ತು. ಕದನವಿರಾಮದ ಮಾತುಕತೆ ಎರಡು ವರ್ಷ ಎಳೆಯಿತು. ಗಡಿರೇಖೆಯ ವಿವಾದ ಬೇಗನೆ ಬಗೆಹರಿದರೂ ಯುದ್ಧಕೈದಿಗಳ ವಿಚಾರ ಬಗೆಹರಿಯಲಿಲ್ಲ. ಯುದ್ಧ ಮುಗಿದೊಡನೆ ಕೈದಿಗಳನ್ನು ಬಿಡುಗಡೆ ಮಾಡಿ ತಾಯ್ನಾಡಿಗೆ ಕಳುಹಿಸಬೇಕೆಂದು 1949ರ ಜಿನೀವಾ ಒಪ್ಪಂದ ಹೇಳುತ್ತದೆ. ಚೀನಾ ಮತ್ತು ಉತ್ತರ ಕೊರಿಯಾ ಅದನ್ನೇ ಹಿಡಿದವು. ತನ್ನ ವಶದಲ್ಲಿದ್ದ ಸಾವಿರಾರು ಕೈದಿಗಳು ಕಮ್ಯುನಿಸ್ಟ್ ಆಳ್ವಿಕೆಗೆ ಹಿಂದಿರುಗಲು ಒಪ್ಪುವುದಿಲ್ಲ, ಅವರನ್ನು ಬಲವಂತವಾಗಿ ಕಳುಹಿಸಲಾಗದು ಎಂದು ಅಮೆರಿಕದ ನೇತೃತ್ವದ ವಿಶ್ವಸಂಸ್ಥಾ ಪಡೆ ವಾದಿಸಿತು. ಈ ಒಂದು ಪ್ರಶ್ನೆಗಾಗಿ ಯುದ್ಧ ತಿಂಗಳುಗಟ್ಟಲೆ ಮುಂದುವರಿಯಿತು ಎಂಬುದನ್ನು ನೆನಪಿಟ್ಟರೆ ತಿಮ್ಮಯ್ಯನವರ ಹೆಗಲಿಗೆ ಬಂದ ಹೊರೆಯ ತೂಕ ತಿಳಿಯುತ್ತದೆ.

1952ರ ಕೊನೆಯಲ್ಲಿ ವಿ. ಕೆ. ಕೃಷ್ಣ ಮೆನನ್ ಅವರು ಭಾರತದ ಪರವಾಗಿ ವಿಶ್ವಸಂಸ್ಥೆಯಲ್ಲಿ ಮಧ್ಯಮಾರ್ಗವೊಂದನ್ನು ಮಂಡಿಸಿದರು. ಬಲಪ್ರಯೋಗವಿಲ್ಲದೆ, ತಟಸ್ಥ ರಾಷ್ಟ್ರಗಳ ಆಯೋಗವೊಂದರ ಮೂಲಕ ಕೈದಿಗಳ ವಾಪಸಾತಿ ನಡೆಯಬೇಕೆಂಬುದು ಅದರ ಸಾರ. ಆಗ ಮೂಲೆ ಸೇರಿದ ಆ ಸೂತ್ರವೇ ಅಲ್ಪಸ್ವಲ್ಪ ಬದಲಾವಣೆಯೊಂದಿಗೆ 1953ರ ಜೂನ್ 8ರ ಒಪ್ಪಂದವಾಗಿ ಹೊರಬಂದಿತು. ಜುಲೈ 27ರಂದು ಕದನವಿರಾಮಕ್ಕೆ ಸಹಿ ಬಿದ್ದಿತು. ಇದರ ನಡುವೆ ಜೂನ್ 18ರಂದು ದಕ್ಷಿಣ ಕೊರಿಯಾದ ಅಧ್ಯಕ್ಷ ಸಿಂಗ್ಮನ್ ರೀ ಅವರು ತಮ್ಮ ಕಾವಲಿನಲ್ಲಿದ್ದ ಸುಮಾರು 27,000 ಕಮ್ಯುನಿಸ್ಟ್ ವಿರೋಧಿ ಕೊರಿಯನ್ ಕೈದಿಗಳನ್ನು ಯಾರನ್ನೂ ಕೇಳದೆ ಬಿಡುಗಡೆ ಮಾಡಿಬಿಟ್ಟಿದ್ದರು.

ಆಯೋಗದಲ್ಲಿ ಐದು ದೇಶಗಳಿದ್ದವು: ಸ್ವೀಡನ್, ಸ್ವಿಟ್ಜರ್ಲೆಂಡ್, ಪೋಲೆಂಡ್, ಚೆಕೊಸ್ಲೊವಾಕಿಯಾ ಮತ್ತು ಭಾರತ. ಅಧ್ಯಕ್ಷ ಸ್ಥಾನ ಭಾರತಕ್ಕೆ. ಕೈದಿಗಳನ್ನು ಕಾಯುವ ಸೈನ್ಯವನ್ನು ಕಳುಹಿಸುವ ಹೊಣೆಯೂ ಭಾರತದ್ದೇ. ಪ್ರಧಾನಿ ನೆಹರೂ ಅವರು ಅಧ್ಯಕ್ಷರನ್ನಾಗಿ ಲೆಫ್ಟಿನೆಂಟ್ ಜನರಲ್ ತಿಮ್ಮಯ್ಯನವರನ್ನು ಆರಿಸಿದರು. ಪಹರೆ ಪಡೆಯ ನಾಯಕತ್ವ ಮೇಜರ್ ಜನರಲ್ ಎಸ್. ಪಿ. ಪಿ. ಥೋರಾಟ್ ಅವರದಾಯಿತು. ಥೋರಾಟ್ ಅವರು ಅರಕಾನಿನಲ್ಲಿ ತಿಮ್ಮಯ್ಯನವರ ಜೊತೆಗೆ ಒಂದೇ ಬ್ರಿಗೇಡಿನಲ್ಲಿ ಪಲ್ಟನ್ ನಡೆಸಿದವರು.

ಇಲ್ಲೊಂದು ಸ್ಪಷ್ಟನೆ ಅಗತ್ಯ. ಕೊರಿಯಾದ ಈ ಸೇವೆಯನ್ನು 'ವಿಶ್ವಸಂಸ್ಥೆಯ ಶಾಂತಿಪಾಲನೆ' ಎಂದು ಕರೆಯುವುದು ರೂಢಿಯಲ್ಲಿದೆ. ಕಟ್ಟುನಿಟ್ಟಾಗಿ ಹೇಳುವುದಾದರೆ ಅದು ಸರಿಯಲ್ಲ. ಆಯೋಗ ಹುಟ್ಟಿದ್ದು ಕದನವಿರಾಮದ ಒಪ್ಪಂದದಿಂದ. ಯುದ್ಧ ಮಾಡಿದ ಎರಡು ಪಕ್ಷಗಳಲ್ಲಿ ಒಂದು ವಿಶ್ವಸಂಸ್ಥೆಯ ಬಾವುಟದಡಿಯ ಪಡೆಯೇ ಆಗಿತ್ತು. ಹೀಗಾಗಿ ತಿಮ್ಮಯ್ಯನವರು ವಿಶ್ವಸಂಸ್ಥಾ ಪಡೆಗೂ ಚೀನಾ–ಉತ್ತರ ಕೊರಿಯಾ ಪಡೆಗೂ ಸಮಾನ ಅಂತರದಲ್ಲಿ ನಿಲ್ಲಬೇಕಾಗಿತ್ತು.

ಹಿಂದ್ ನಗರ

ಭಾರತೀಯ ಸೈನಿಕರು ತನ್ನ ನೆಲದ ಮೇಲೆ ಕಾಲಿಡಕೂಡದು ಎಂದು ದಕ್ಷಿಣ ಕೊರಿಯಾ ಸರ್ಕಾರ ಪಟ್ಟುಹಿಡಿಯಿತು. ಆದ್ದರಿಂದ ಸುಮಾರು 6,000 ಜನರ ಪಹರೆ ಪಡೆಯನ್ನು ಇಂಚಿಯಾನ್ ಬಂದರಿನ ಬಳಿ ನಿಂತ ಹಡಗುಗಳಿಂದ ಅಮೆರಿಕದ ಹೆಲಿಕಾಪ್ಟರುಗಳಲ್ಲಿ ಎತ್ತಿಕೊಂಡು ಹೋಗಿ ಸೇನಾಮುಕ್ತ ವಲಯದೊಳಗೆ ಇಳಿಸಲಾಯಿತು. ಅಲ್ಲಿ ಅವರು ನೆಲೆಸಿದ ಡೇರೆಗಳ ಊರಿಗೆ 'ಹಿಂದ್ ನಗರ' ಎಂದು ಹೆಸರಾಯಿತು.

1953ರ ಸೆಪ್ಟೆಂಬರಿನಲ್ಲಿ ವಿಶ್ವಸಂಸ್ಥಾ ಪಡೆಯು 22,604 ಕೈದಿಗಳನ್ನು ಒಪ್ಪಿಸಿತು. ಇವರಲ್ಲಿ 14,704 ಮಂದಿ ಚೀನೀಯರು, 7,900 ಮಂದಿ ಕೊರಿಯನ್ನರು. ಇನ್ನೊಂದು ಕಡೆಯಿಂದ ಬಂದವರು 359 ಮಂದಿ: 335 ದಕ್ಷಿಣ ಕೊರಿಯನ್ನರು, 23 ಅಮೆರಿಕನ್ನರು ಮತ್ತು ಒಬ್ಬ ಬ್ರಿಟಿಷ್ ಸೈನಿಕ.

ಒಪ್ಪಂದದ ಪ್ರಕಾರ 90 ದಿನಗಳ ಕಾಲ ಪ್ರತಿ ದೇಶದ ಪ್ರತಿನಿಧಿಗಳು ತಮ್ಮ ಕೈದಿಗಳನ್ನು ಭೇಟಿಯಾಗಿ, ಮನೆಗೆ ಮರಳುವ ಹಕ್ಕನ್ನು ವಿವರಿಸಬಹುದಾಗಿತ್ತು. ಕೈದಿ ಕೇಳಿ ತೀರ್ಮಾನಿಸಬೇಕು. ಮರಳುವಂತೆ ಮಾಡಲಾಗಲಿ, ಮರಳದಂತೆ ತಡೆಯಲಾಗಲಿ ಯಾರೂ ಬಲ ಬಳಸಕೂಡದು. ಕಾಗದದ ಮೇಲೆ ಇದು ಸರಳವಾಗಿಯೇ ಇತ್ತು. ಶಿಬಿರದ ಒಳಗಿನ ಸ್ಥಿತಿ ಬೇರೆಯಾಗಿತ್ತು. ದಕ್ಷಿಣದ ಶಿಬಿರಗಳ ಕೈದಿಗಳು ಬಂದದ್ದು ಬಿಡಿಬಿಡಿ ವ್ಯಕ್ತಿಗಳಾಗಿ ಅಲ್ಲ. ನಾಯಕರು, ಕಾವಲುಗಾರರು, ಶಿಕ್ಷೆ ವಿಧಿಸುವವರು ಇದ್ದ ಗಟ್ಟಿ ಸಂಘಟನೆಗಳಾಗಿ. ಅನೇಕ ಚೀನೀ ಕೈದಿಗಳ ಮೈಮೇಲೆ ಕಮ್ಯುನಿಸ್ಟ್ ವಿರೋಧಿ ಘೋಷಣೆಗಳನ್ನು ಹಚ್ಚೆ ಹಾಕಲಾಗಿತ್ತು. ಅಂಥ ಹಚ್ಚೆಯನ್ನು ಹೊತ್ತವನು ಊರಿಗೆ ಮರಳುವ ಆಸೆಯನ್ನು ಬಾಯಿಬಿಟ್ಟು ಹೇಳುವುದಾದರೂ ಹೇಗೆ? ಮರಳಬಯಸಿದವರು ರಾತ್ರಿ ಹೊತ್ತು ಮುಳ್ಳುತಂತಿಯನ್ನು ದಾಟಿ ಭಾರತೀಯ ಕಾವಲುಗಾರರ ಬಳಿಗೆ ಓಡಿಬರುತ್ತಿದ್ದರು.

ಸೆಪ್ಟೆಂಬರ್ 25ರಂದು ಚೀನೀ ಕೈದಿಗಳ ಆವರಣವೊಂದರಲ್ಲಿ ಭಾರತೀಯ ಅಧಿಕಾರಿಯೊಬ್ಬರನ್ನು ಹಿಡಿದಿಟ್ಟುಕೊಳ್ಳಲಾಯಿತು. ಥೋರಾಟ್ ಅವರು ತಾವೇ ಆ ಆವರಣದೊಳಗೆ ಹೋಗಿ, ಮಾತಿನಿಂದಲೇ ಅಧಿಕಾರಿಯನ್ನು ಬಿಡಿಸಿ ತಂದರು. ಕೆಲವೇ ದಿನಗಳಲ್ಲಿ, ಅಕ್ಟೋಬರ್ ಮೊದಲ ಎರಡು ದಿನ, ಕೈದಿಗಳು ಗುಂಪಾಗಿ ನುಗ್ಗಿದಾಗ ಕಾವಲುಗಾರರು ಗುಂಡು ಹಾರಿಸಬೇಕಾಯಿತು, ಕೆಲವರು ಸತ್ತರು. ದಕ್ಷಿಣ ಕೊರಿಯಾದ ನಾಯಕರು ಭಾರತೀಯ ಪಡೆಯ ವಿರುದ್ಧ ಸೈನಿಕ ಬಲ ಬಳಸುವ ಬೆದರಿಕೆಯನ್ನೂ ಹಾಕಿದರು. ಆರು ಸಾವಿರ ಜನ ಇಪ್ಪತ್ತೆರಡು ಸಾವಿರ ಜನರನ್ನು ಕಾಯುತ್ತಿದ್ದರು. ಅವರ ಬೆನ್ನಿಗೆ ಆಸರೆಯಾಗಬಲ್ಲ ಸ್ವದೇಶಿ ಸೈನ್ಯ ಸಾವಿರಾರು ಮೈಲಿಗಳಾಚೆ ಇತ್ತು.

ವಿವರಣೆಯ ಕಾರ್ಯ ಅಕ್ಟೋಬರ್ 15ರಂದು ಆರಂಭವಾಯಿತು. ಕೈದಿಗಳು ಆವರಣದಿಂದ ಹೊರಬರಲು ಒಪ್ಪುತ್ತಿರಲಿಲ್ಲ. ಚೀನಾದ ಪ್ರತಿನಿಧಿಗಳು ಒಬ್ಬೊಬ್ಬ ಕೈದಿಯೊಡನೆ ಗಂಟೆಗಟ್ಟಲೆ ಮಾತಾಡುತ್ತ ಕಾಲ ಕಳೆಯುತ್ತಿದ್ದರು. ಪೋಲೆಂಡ್ ಮತ್ತು ಚೆಕೊಸ್ಲೊವಾಕಿಯಾದ ಸದಸ್ಯರು ಕೈದಿಗಳನ್ನು ಬಲವಂತವಾಗಿಯಾದರೂ ಹೊರತನ್ನಿರಿ ಎಂದರೆ, ಸ್ವಿಟ್ಜರ್ಲೆಂಡ್ ಮತ್ತು ಸ್ವೀಡನ್ನಿನವರು ಹಾಗೆ ಮಾಡಿದರೆ ತಾವು ಆಯೋಗದಲ್ಲಿರುವುದಿಲ್ಲ ಎನ್ನುತ್ತಿದ್ದರು. ಎರಡು ಮತ ಒಂದು ಕಡೆ, ಎರಡು ಮತ ಇನ್ನೊಂದು ಕಡೆ. ಪ್ರತಿ ಬಾರಿಯೂ ತೀರ್ಪು ತಿಮ್ಮಯ್ಯನವರ ಮತದ ಮೇಲೆ ನಿಲ್ಲುತ್ತಿತ್ತು. ಕೈದಿಗಳನ್ನು ಬಲದಿಂದ ಹೊರಗೆಳೆದರೆ ರಕ್ತಪಾತವಾಗುವುದು ಖಚಿತವೆಂದು ಅವರು ಕಂಡುಕೊಂಡಿದ್ದರಿಂದ ಆ ಮಾರ್ಗವನ್ನು ಹಿಡಿಯಲಿಲ್ಲ. ಡಿಸೆಂಬರ್ 23ರಂದು 90 ದಿನಗಳ ಅವಧಿ ಮುಗಿದಾಗ ವಿವರಣೆ ನಿಜವಾಗಿ ನಡೆದದ್ದು ಹತ್ತು ದಿನ ಮಾತ್ರ. ಬಹುಪಾಲು ಕೈದಿಗಳು ಅದನ್ನು ಕೇಳಲೇ ಇಲ್ಲ.

1954ರ ಜನವರಿಯ ತೀರ್ಮಾನ

ಮುಂದೇನು ಎಂಬುದೇ ಅತ್ಯಂತ ತೊಡಕಿನ ಪ್ರಶ್ನೆಯಾಯಿತು. ಉಳಿದ ಕೈದಿಗಳ ಭವಿಷ್ಯವನ್ನು ಒಂದು ರಾಜಕೀಯ ಸಮ್ಮೇಳನ 30 ದಿನಗಳಲ್ಲಿ ಚರ್ಚಿಸಬೇಕು, ಆಗಲೂ ಇತ್ಯರ್ಥವಾಗದಿದ್ದರೆ ಆಯೋಗವು ಅವರನ್ನು ಯುದ್ಧಕೈದಿಯ ಸ್ಥಿತಿಯಿಂದ ಬಿಡುಗಡೆಗೊಳಿಸಿ ನಾಗರಿಕರೆಂದು ಘೋಷಿಸಬೇಕು ಎಂದು ಒಪ್ಪಂದ ಹೇಳಿತ್ತು. ಆದರೆ ಆ ಸಮ್ಮೇಳನ ಸೇರಲೇ ಇಲ್ಲ. 120 ದಿನಗಳು ತುಂಬಿದ ಕೂಡಲೇ ಕೈದಿಗಳು ಸ್ವತಂತ್ರರು ಎಂದಿತು ವಿಶ್ವಸಂಸ್ಥಾ ಪಡೆ. ವಿವರಣೆ ಪೂರ್ಣವಾಗಿಲ್ಲ, ಸಮ್ಮೇಳನ ನಡೆದಿಲ್ಲ, ಆದ್ದರಿಂದ ಭಾರತೀಯ ಪಡೆ ಕೈದಿಗಳನ್ನು ಇನ್ನೂ ಇಟ್ಟುಕೊಳ್ಳಬೇಕು ಎಂದಿತು ಚೀನಾ–ಉತ್ತರ ಕೊರಿಯಾ ಪಕ್ಷ.

ತಿಮ್ಮಯ್ಯನವರು ಎರಡನ್ನೂ ಒಪ್ಪಲಿಲ್ಲ. ಒಪ್ಪಂದದ ಹಂತಗಳು ಪೂರ್ಣಗೊಳ್ಳದಿರುವಾಗ ಕೈದಿಗಳನ್ನು ನಾಗರಿಕರೆಂದು ಘೋಷಿಸುವ ಅಧಿಕಾರ ಆಯೋಗಕ್ಕಿಲ್ಲ. ಅವಧಿ ಮುಗಿದ ಮೇಲೆ ಅವರನ್ನು ವಶದಲ್ಲಿಟ್ಟುಕೊಳ್ಳುವ ಅಧಿಕಾರವೂ ಇಲ್ಲ. ಆದ್ದರಿಂದ ಯಾರಿಂದ ಪಡೆದಿದ್ದೆವೋ ಅವರಿಗೇ, ಪಡೆದಾಗಿನ ಸ್ಥಿತಿಯಲ್ಲಿಯೇ ಒಪ್ಪಿಸಿಬಿಡುವುದೊಂದೇ ದಾರಿ ಎಂದು ನಿರ್ಧರಿಸಿದರು. ಹಿಂದೆ ಪಡೆದ ಪಕ್ಷ ಅವರ ಸ್ಥಿತಿಯನ್ನು ಏಕಪಕ್ಷೀಯವಾಗಿ ಬದಲಿಸಿದರೆ ಅದು ಒಪ್ಪಂದಕ್ಕೆ ವಿರುದ್ಧವಾಗುತ್ತದೆ ಎಂಬ ಆಕ್ಷೇಪವನ್ನೂ ದಾಖಲಿಸಿದರು. 1954ರ ಜನವರಿ 20 ಮತ್ತು 21ರಂದು ಇಪ್ಪತ್ತೊಂದು ಸಾವಿರಕ್ಕೂ ಹೆಚ್ಚು ಕೈದಿಗಳು ಸಾಲುಗಟ್ಟಿ ದಕ್ಷಿಣಕ್ಕೆ ನಡೆದರು. ವಿಶ್ವಸಂಸ್ಥಾ ಪಡೆ ಆ ಆಕ್ಷೇಪವನ್ನು ಬದಿಗಿಟ್ಟು ಅವರನ್ನು ಬಿಡುಗಡೆ ಮಾಡಿತು. ಚೀನೀ ಕೈದಿಗಳಲ್ಲಿ 14,000ಕ್ಕೂ ಹೆಚ್ಚು ಮಂದಿ ತೈವಾನಿಗೆ ಹೋದರು.

ಆಯೋಗದ ಮೂಲಕ ತಾಯ್ನಾಡಿಗೆ ಮರಳಿದವರು 440 ಚೀನೀಯರು ಮತ್ತು 188 ಕೊರಿಯನ್ನರು ಮಾತ್ರ. ಅಮೆರಿಕದ 23 ಮಂದಿಯಲ್ಲಿ ಇಬ್ಬರು ಮನಸ್ಸು ಬದಲಿಸಿದರು, 21 ಮಂದಿ ಚೀನಾಕ್ಕೆ ಹೋದರು. ಎರಡೂ ಪಕ್ಷಗಳನ್ನು ಒಲ್ಲದ 88 ಕೈದಿಗಳು ತಟಸ್ಥ ದೇಶಕ್ಕೆ ಹೋಗಬಯಸಿ ಪಹರೆ ಪಡೆಯೊಂದಿಗೆ ಭಾರತಕ್ಕೆ ಬಂದರು. ಇವರಲ್ಲಿ ಹೆಚ್ಚಿನವರು ಕೊರಿಯನ್ನರು. ಕೆಲವರು ಮುಂದೆ ಬ್ರೆಜಿಲ್, ಅರ್ಜೆಂಟೀನಾಗಳಿಗೆ ತೆರಳಿದರೆ, ಕೆಲವರು ಭಾರತದಲ್ಲಿಯೇ ಉಳಿದರು. ಆಯೋಗ 1954ರ ಫೆಬ್ರವರಿಯಲ್ಲಿ ವಿಸರ್ಜನೆಗೊಂಡಿತು. ಅದೇ ವರ್ಷ ತಿಮ್ಮಯ್ಯನವರಿಗೆ ಪದ್ಮಭೂಷಣ ಪ್ರಶಸ್ತಿ ಸಂದಿತು.

ಈ ಕಾರ್ಯದ ಮೌಲ್ಯಮಾಪನದಲ್ಲಿ ಒಮ್ಮತವಿಲ್ಲ. ಎರಡೂ ಕಡೆಯವರು ದೂರಿದರು, ಆದ್ದರಿಂದ ಭಾರತ ನಿಷ್ಪಕ್ಷಪಾತವಾಗಿತ್ತು ಎಂಬ ವಾದ ಹಲವು ಬರಹಗಳಲ್ಲಿದೆ. ಎರಡೂ ಕಡೆಯ ದೂರು ಅಷ್ಟಕ್ಕೇ ಪುರಾವೆಯಾಗಲಾರದು. ತಪ್ಪು ಮಾಡಿದವರನ್ನೂ ಇಬ್ಬರೂ ದೂರಬಹುದು. ಪ್ರತಿಯೊಬ್ಬ ಕೈದಿಯೂ ಭಯವಿಲ್ಲದೆ ತನ್ನ ದಾರಿಯನ್ನು ಆರಿಸಿಕೊಳ್ಳಬೇಕೆಂಬ ಮೂಲ ಉದ್ದೇಶ ಈಡೇರಲಿಲ್ಲ ಎಂಬುದನ್ನು ಆಯೋಗದ ವರದಿಯೇ ಮರೆಮಾಚಲಿಲ್ಲ. ಮರಳಬಯಸಿದವನು ಗುಟ್ಟಾಗಿ, ಪ್ರಾಣಭಯದಿಂದಲೇ ಹಾಗೆ ಮಾಡಬೇಕಿತ್ತು ಎಂದು ಅದು ದಾಖಲಿಸಿತು. ಕದನವಿರಾಮ ಮಾತ್ರ ಮುರಿಯಲಿಲ್ಲ. ಕೈದಿಗಳ ವಿವಾದದಿಂದ ಯುದ್ಧ ಮತ್ತೆ ಹೊತ್ತಿಕೊಳ್ಳಬಹುದಾಗಿದ್ದ ಆ ನಾಲ್ಕು ತಿಂಗಳು ದೊಡ್ಡ ಪ್ರಮಾಣದ ರಕ್ತಪಾತವಿಲ್ಲದೆ ಕಳೆದವು. ತಿಮ್ಮಯ್ಯನವರು ಈ ಅನುಭವವನ್ನು ಸ್ವತಃ ಬರೆದಿಟ್ಟಿದ್ದರು. ಆ ಬರಹ ಅವರ ಮರಣಾನಂತರ 1981ರಲ್ಲಿ 'ಎಕ್ಸ್‌ಪೆರಿಮೆಂಟ್ ಇನ್ ನ್ಯೂಟ್ರಾಲಿಟಿ' ಎಂಬ ಹೆಸರಿನಲ್ಲಿ ಇಂಗ್ಲಿಷಿನಲ್ಲಿ ಪ್ರಕಟವಾಯಿತು.

ಭೂಸೇನೆಯ ಮುಖ್ಯಸ್ಥರಾಗಿ

1957ರ ಮೇ 8ರಂದು ತಿಮ್ಮಯ್ಯನವರು ಭೂಸೇನೆಯ ಮುಖ್ಯಸ್ಥರಾದರು. ಕೆ. ಎಂ. ಕಾರ್ಯಪ್ಪನವರ ನಂತರ ಈ ಹುದ್ದೆಗೇರಿದ ಎರಡನೆಯ ಕೊಡವರು ಅವರು. ಆಗ ಗಾಜಾದಲ್ಲಿ ವಿಶ್ವಸಂಸ್ಥೆಯ ತುರ್ತುಪಡೆಯಲ್ಲಿ ಭಾರತದ ಪಲ್ಟನ್ ಇತ್ತು. ಅವರ ಅವಧಿಯ ಕೊನೆಯ ತಿಂಗಳುಗಳಲ್ಲಿ ಕಾಂಗೋಗೆ ಭಾರತದ ಬ್ರಿಗೇಡ್ ಒಂದು ಹೊರಟಿತು. ರಕ್ಷಣಾ ಸಚಿವ ಕೃಷ್ಣ ಮೆನನ್ ಅವರೊಂದಿಗಿನ ಭಿನ್ನಾಭಿಪ್ರಾಯದಿಂದ 1959ರ ಆಗಸ್ಟ್ ಕೊನೆಯಲ್ಲಿ ರಾಜೀನಾಮೆ ನೀಡಿ, ನೆಹರೂ ಅವರ ಮಾತಿನ ಮೇರೆಗೆ ಅದನ್ನು ಹಿಂತೆಗೆದುಕೊಂಡರು. ಕೊರಿಯಾದ ಸೂತ್ರವನ್ನು ರೂಪಿಸಿದವರೂ ಅದನ್ನು ನೆಲದ ಮೇಲೆ ನಡೆಸಿದವರೂ ಹೀಗೆ ಎದುರುಬದುರಾದದ್ದು ಇತಿಹಾಸದ ವಿಚಿತ್ರಗಳಲ್ಲೊಂದು. 1961ರ ಮೇ ತಿಂಗಳಲ್ಲಿ ನಿವೃತ್ತರಾದ ತಿಮ್ಮಯ್ಯನವರು ಕೊಡಗಿಗೆ ಮರಳಿದರು.

ಸೈಪ್ರಸ್

ಪೂರ್ವ ಮೆಡಿಟರೇನಿಯನ್ ಸಮುದ್ರದ ಸೈಪ್ರಸ್ ದ್ವೀಪವು 1960ರಲ್ಲಿ ಬ್ರಿಟನ್ನಿನಿಂದ ಸ್ವತಂತ್ರವಾಯಿತು. ಬಹುಸಂಖ್ಯಾತ ಗ್ರೀಕ್ ಭಾಷಿಕರು ಮತ್ತು ಅಲ್ಪಸಂಖ್ಯಾತ ತುರ್ಕಿ ಭಾಷಿಕರು ಅಧಿಕಾರ ಹಂಚಿಕೊಳ್ಳಬೇಕೆಂಬ ಸಂವಿಧಾನ ಮೂರೇ ವರ್ಷಗಳಲ್ಲಿ ಕುಸಿಯಿತು. 1963ರ ಡಿಸೆಂಬರಿನಲ್ಲಿ ಎರಡು ಸಮುದಾಯಗಳ ನಡುವೆ ಕಾಳಗ ಶುರುವಾಯಿತು. ರಾಜಧಾನಿ ನಿಕೋಸಿಯಾವನ್ನು ಸೀಳಿದ 'ಹಸಿರು ರೇಖೆ'ಯನ್ನು ಬ್ರಿಟಿಷ್ ಅಧಿಕಾರಿಯೊಬ್ಬರು ನಕಾಶೆಯ ಮೇಲೆ ಎಳೆದದ್ದು ಆಗಲೇ. 1964ರ ಮಾರ್ಚ್ 4ರಂದು ಭದ್ರತಾ ಮಂಡಳಿ 186ನೆಯ ನಿರ್ಣಯದ ಮೂಲಕ ಶಾಂತಿಪಾಲನಾ ಪಡೆಯನ್ನು ರಚಿಸಿತು. ಅದರ ಮೊದಲ ದಂಡನಾಯಕರು ಭಾರತದ ಲೆಫ್ಟಿನೆಂಟ್ ಜನರಲ್ ಪಿ. ಎಸ್. ಗ್ಯಾನಿ. 1964ರ ಜುಲೈನಲ್ಲಿ ಅವರ ಸ್ಥಾನಕ್ಕೆ ತಿಮ್ಮಯ್ಯನವರು ಬಂದರು.

ಪಡೆಯಲ್ಲಿ ಬ್ರಿಟನ್, ಕೆನಡಾ, ಸ್ವೀಡನ್, ಡೆನ್ಮಾರ್ಕ್, ಫಿನ್ಲೆಂಡ್, ಐರ್ಲೆಂಡ್ ದೇಶಗಳ ಆರು ಸಾವಿರಕ್ಕೂ ಹೆಚ್ಚು ಸೈನಿಕರಿದ್ದರು. ಭಾರತದ ಪಲ್ಟನ್ ಅಲ್ಲಿರಲಿಲ್ಲ; ನಾಯಕರು ಮಾತ್ರ ಭಾರತೀಯರು. ಆತ್ಮರಕ್ಷಣೆಗಲ್ಲದೆ ಆಯುಧ ಬಳಸುವಂತಿರಲಿಲ್ಲ. ಅಧಿಕಾರಾವಧಿ ಮೂರು ತಿಂಗಳಿಗೊಮ್ಮೆ ನವೀಕರಣಗೊಳ್ಳುತ್ತಿತ್ತು. ಖರ್ಚು ಸದಸ್ಯ ರಾಷ್ಟ್ರಗಳು ಸ್ವಇಚ್ಛೆಯಿಂದ ಕೊಟ್ಟ ಹಣದಿಂದ ನಡೆಯುತ್ತಿತ್ತು.

ಅಧಿಕಾರ ವಹಿಸಿ ಒಂದು ತಿಂಗಳಾಗುತ್ತಲೇ ದೊಡ್ಡ ಪರೀಕ್ಷೆ ಎದುರಾಯಿತು. 1964ರ ಆಗಸ್ಟ್ ಮೊದಲ ವಾರದಲ್ಲಿ ವಾಯವ್ಯ ಕರಾವಳಿಯ ಕೊಕ್ಕಿನಾ ಸುತ್ತಲಿನ ತುರ್ಕಿ ಹಳ್ಳಿಗಳ ಮೇಲೆ ಜನರಲ್ ಗ್ರಿವಾಸರ ನೇತೃತ್ವದ ಗ್ರೀಕ್ ಸೈಪ್ರಿಯಟ್ ಪಡೆ ದಾಳಿ ಮಾಡಿತು. ಪ್ರತಿಯಾಗಿ ತುರ್ಕಿಯ ವಿಮಾನಗಳು ದ್ವೀಪದ ಮೇಲೆ ಬಾಂಬು ಸುರಿದವು. ಅಲ್ಲಿನ ಸ್ವೀಡನ್ನಿನ ಠಾಣೆಗಳು ಎರಡು ಗುಂಡಿನ ನಡುವೆ ಸಿಕ್ಕಿಕೊಂಡವು. ತುರ್ಕಿ ಮತ್ತು ಗ್ರೀಸ್ ನಡುವೆ ನೇರ ಯುದ್ಧವೇ ನಡೆಯುವ ಹಂತ ಬಂದಾಗ, ಆಗಸ್ಟ್ 9ರಂದು ಭದ್ರತಾ ಮಂಡಳಿಯ ಕರೆಗೆ ಓಗೊಟ್ಟು ಕದನ ನಿಂತಿತು. ಈ ಘಟನೆಯಲ್ಲಿ ಶಾಂತಿಪಾಲನಾ ಪಡೆಯ ಮಿತಿ ಬಯಲಾಯಿತು. ಠಾಣೆಯಲ್ಲಿ ಕುಳಿತವನು ನೋಡಿ ವರದಿ ಮಾಡಬಲ್ಲ, ಮಾತಾಡಬಲ್ಲ. ನುಗ್ಗುವ ಸೈನ್ಯವನ್ನು ತಡೆಯಲಾರ.

ನಂತರದ ಹದಿನಾರು ತಿಂಗಳುಗಳಲ್ಲಿ ನಡೆದದ್ದು ಸುದ್ದಿಯಾಗದ ಬಗೆಯ ಕೆಲಸ. ಕೋಟೆಕಟ್ಟಿದ ನೆಲೆಗಳನ್ನು ಎರಡೂ ಕಡೆಯಿಂದ ತೆರವುಗೊಳಿಸುವುದು, ಸುತ್ತುವರಿಯಲ್ಪಟ್ಟ ತುರ್ಕಿ ಹಳ್ಳಿಗಳಿಗೆ ಆಹಾರ ತಲುಪಿಸುವುದು, ರೈತರು ಎದುರುಪಕ್ಷದ ಬಂದೂಕಿನ ನೋಟದಲ್ಲಿ ಸುಗ್ಗಿ ಮಾಡುವಾಗ ಜೊತೆಗಿರುವುದು, ನೀರು, ಅಂಚೆ, ರಸ್ತೆಗಳ ಜಗಳ ಬಿಡಿಸುವುದು. ಒಪ್ಪಂದದಂತೆ ದ್ವೀಪದಲ್ಲಿದ್ದ ತುರ್ಕಿಯ ಸೈನಿಕ ತುಕಡಿಯ ಬದಲಾವಣೆಯನ್ನು ಅಧ್ಯಕ್ಷ ಮಕಾರಿಯೋಸ್ ತಡೆದಾಗ ಬಿಕ್ಕಟ್ಟು ಮತ್ತೆ ಏರಿತು. ಬಹುದಿನಗಳ ಮಾತುಕತೆಯ ಬಳಿಕ ನಿಕೋಸಿಯಾ–ಕೈರೇನಿಯಾ ಹೆದ್ದಾರಿಯನ್ನು ವಿಶ್ವಸಂಸ್ಥಾ ಪಡೆಯ ಪೂರ್ಣ ನಿಯಂತ್ರಣಕ್ಕೆ ಒಪ್ಪಿಸುವ ಏರ್ಪಾಟಾಗಿ, ಅಕ್ಟೋಬರ್ 26ರಂದು ಆ ಬದಲಾವಣೆ ಶಾಂತಿಯುತವಾಗಿ ನಡೆಯಿತು. 1965ರ ನವೆಂಬರಿನಲ್ಲಿ ಫಾಮಗುಸ್ತಾದಲ್ಲಿ ಗುಂಡಿನ ಕಾಳಗ ನಡೆದಾಗಲೂ ಪಡೆ ಮಧ್ಯಸ್ಥಿಕೆ ವಹಿಸಿತು.

ಕೊರಿಯಾದ ಕೆಲಸಕ್ಕೆ ಕೊನೆಯ ದಿನಾಂಕವೊಂದಿತ್ತು, ಸೈಪ್ರಸ್ಸಿನದಕ್ಕೆ ಇರಲಿಲ್ಲ. ರಾಜಕೀಯ ಪರಿಹಾರ ಹುಡುಕುವ ಹೊಣೆ ವಿಶ್ವಸಂಸ್ಥೆಯ ಮಧ್ಯಸ್ಥಗಾರರದು. ಪರಿಹಾರ ಸಿಗುವವರೆಗೆ ಜನ ಸಾಯದಂತೆ ನೋಡಿಕೊಳ್ಳುವುದಷ್ಟೇ ದಂಡನಾಯಕರ ಪಾಲಿಗಿದ್ದುದು. ಮಧ್ಯಸ್ಥಗಾರ ಗಾಲೊ ಪ್ಲಾಜಾ ಅವರ ವರದಿ 1965ರ ಮಾರ್ಚ್‌ನಲ್ಲಿ ಹೊರಬಂದರೂ ತುರ್ಕಿ ಅದನ್ನು ತಿರಸ್ಕರಿಸಿತು. ಪಡೆ ಇಂದಿಗೂ ಆ ದ್ವೀಪದಲ್ಲಿದೆ.

ನಿಧನ ಮತ್ತು ಸ್ಮರಣೆ

1965ರ ಡಿಸೆಂಬರ್ 18ರಂದು ಸೈಪ್ರಸ್‌ನಲ್ಲಿ ಹೃದಯಾಘಾತದಿಂದ ತಿಮ್ಮಯ್ಯನವರು ನಿಧನರಾದರು. ಆಗ ಅವರಿಗೆ 59 ವರ್ಷ. ಪಾರ್ಥಿವ ಶರೀರವನ್ನು ವಿಮಾನದಲ್ಲಿ ಬೆಂಗಳೂರಿಗೆ ತರಲಾಯಿತು. ಸಮಾಧಿ ಅಲ್ಲಿಯೇ ಇದೆ. ಮುಂದೆ 1969ರಿಂದ ಭಾರತದವರೇ ಆದ ದಿವಾನ್ ಪ್ರೇಮ್ ಚಂದ್ ಅದೇ ಪಡೆಯ ದಂಡನಾಯಕರಾಗಿ ಕೆಲವು ವರ್ಷ ಸೇವೆ ಸಲ್ಲಿಸಿದರು.

ಸೈಪ್ರಸ್ ಸರ್ಕಾರ 1966ರಲ್ಲಿ ತಿಮ್ಮಯ್ಯನವರ ಸ್ಮರಣಾರ್ಥ ಅಂಚೆಚೀಟಿಯನ್ನು ಹೊರತಂದಿತು. ಆ ದ್ವೀಪದ ಲಾರ್ನಕಾ ಪಟ್ಟಣದ ಪ್ರಮುಖ ರಸ್ತೆಯೊಂದಕ್ಕೆ ಅವರ ಹೆಸರಿದೆ. ಬೆಂಗಳೂರಿನ ರಿಚ್ಮಂಡ್ ರಸ್ತೆಗೂ ಜನರಲ್ ತಿಮ್ಮಯ್ಯ ರಸ್ತೆ ಎಂಬ ಹೆಸರಿಟ್ಟಿದ್ದರೂ ಹಳೆಯ ಹೆಸರೇ ಜನರ ಬಾಯಲ್ಲಿ ಉಳಿದಿದೆ. ಮಡಿಕೇರಿಯಲ್ಲಿ ಅವರು ಬಾಲ್ಯ ಕಳೆದ 'ಸನ್ನಿಸೈಡ್' ಮನೆಯನ್ನು ವಸ್ತುಸಂಗ್ರಹಾಲಯವಾಗಿ ಮಾರ್ಪಡಿಸಲಾಗಿದ್ದು, 2021ರ ಫೆಬ್ರವರಿ 6ರಂದು ರಾಷ್ಟ್ರಪತಿ ರಾಮನಾಥ್ ಕೋವಿಂದ್ ಅವರು ಅದನ್ನು ಉದ್ಘಾಟಿಸಿದರು.